ನರ್ಸಬಾಯಿಯ ಖುರ್ಚಿ

ಎಳ್ಳ ಅಮಾವಾಸ್ಯೆಯ ದಿನ ನಮ್ಮ ಮುಡಬಿಯ ಕಡೆ ಮನೆಯಲ್ಲಿ ಕೂತು ಉಣ್ಣುವವರು ಕಡಿಮೆ. ಭಜ್ಜಿ, ಸಜ್ಜೆ ರೊಟ್ಟಿ, ಶೇಂಗಾ ಹೋಳಿಗೆ, ಅಂಬಲಿಯ ಗಡಿಗೆ ಎಲ್ಲವನ್ನೂ ಬುಟ್ಟಿಯಲ್ಲಿ ಹೊತ್ತು ಹೊಲಕ್ಕೆ ಹೋಗಿ, ಚರಗ ಚೆಲ್ಲಿ, ತೊಗರಿ ಸಾಲಿನ ಬದಿಗೆ ಕಂಬಳಿ ಹಾಸಿಕೊಂಡು ಉಣ್ಣುತ್ತೇವೆ. ದೂರದ ಊರು ಸೇರಿದ ಮಕ್ಕಳೂ ಆ ಭಜ್ಜಿಯ ಆಸೆಗೆ ಬರುತ್ತಾರೆ. ಹೋದ ಸಲ ನನ್ನ ತಮ್ಮನ ಮಕ್ಕಳಿಬ್ಬರೂ ಬಂದಿದ್ದರು. ಮಗ ಕಲಬುರಗಿಯ ಹೈಕೋರ್ಟ್ ಪೀಠದಲ್ಲಿ ವಕೀಲ. ಮಗಳು ಬಿ.ಎಸ್ಸಿ. ನರ್ಸಿಂಗ್ ಓದಿ ಬೆಂಗಳೂರಿನಲ್ಲಿ ಕೆಲಸಕ್ಕಿದ್ದಾಳೆ. ಈಗ ಪರದೇಶಕ್ಕೆ ಹೋಗುವ ತಯಾರಿಯಲ್ಲಿದ್ದಾಳೆ.

ಹುಡುಗಿಯ ಬಾಯಲ್ಲಿ ಕಾಗದಪತ್ರದ ಮಾತೇ ಮಾತು. ಈಕೆ ನಮ್ಮ ರಿಜಿಸ್ಟರಿನಲ್ಲಿ ಇರುವ ನರ್ಸ್ ಹೌದು ಎಂದು ರಾಜ್ಯದ ನರ್ಸಿಂಗ್ ಪರಿಷತ್ತು ಬರೆದುಕೊಡಬೇಕಂತೆ. ಅದಿಲ್ಲದೆ ಹೊರದೇಶದವರು ಬಾಗಿಲು ತೆರೆಯುವುದಿಲ್ಲವಂತೆ. ರೊಟ್ಟಿ ಮುರಿಯುತ್ತ ನನ್ನನ್ನು ಕೇಳಿದಳು:

“ಅತ್ತಿ, ನಿಮ್ಮ ರಿಜಿಸ್ಟ್ರೇಷನ್ ನಂಬರ್ ಎಷ್ಟು?”

“ಯಾರಿಗಿ ಗೊತ್ತವ್ವ? ಟ್ರಂಕಿನ್ಯಾಗ ಅದ.”

“ನಿಮ್ಮ ಕಾಲದಾಗ ಕೌನ್ಸಿಲಿನ್ಯಾಗ ಯಾರ್‍ಯಾರು ಇದ್ರು?”

ನಾನು ಸುಮ್ಮನಾದೆ. 1981ರಿಂದ 2018ರ ತನಕ, ಮೂವತ್ತೇಳು ವರ್ಷ, ಈ ಸುತ್ತಿನ ಹಳ್ಳಿಗಳಲ್ಲಿ ಚುಚ್ಚುಮದ್ದು ಹಾಕಿದ್ದೇನೆ, ಹೆರಿಗೆ ಮಾಡಿಸಿದ್ದೇನೆ, ಕೆಂಪು ಗುಳಿಗೆ ಹಂಚಿದ್ದೇನೆ. ಇಲಾಖೆಯ ಕಾಗದದಲ್ಲಿ ನಾನು ಕಿರಿಯ ಮಹಿಳಾ ಆರೋಗ್ಯ ಸಹಾಯಕಿ, ಊರವರ ಬಾಯಲ್ಲಿ ನರ್ಸಬಾಯಿ. ನಮ್ಮ ಕಸುಬಿನ ಮೇಲೆ ಒಂದು ಪರಿಷತ್ತು ಇದೆ, ಅದರಲ್ಲಿ ಖುರ್ಚಿಗಳಿವೆ, ಆ ಖುರ್ಚಿಗಳ ಮೇಲೆ ಯಾರೋ ಕೂಡುತ್ತಾರೆ ಎಂಬುದು ನನ್ನ ತಲೆಯಲ್ಲಿ ಒಂದು ದಿನವೂ ಹಾದದ್ದಿಲ್ಲ. ನನ್ನ ಪಾಲಿಗೆ ಕೌನ್ಸಿಲ್ ಅಂದರೆ ಸರ್ಟಿಫಿಕೇಟಿನ ಮೂಲೆಯಲ್ಲಿದ್ದ ಒಂದು ನೀಲಿ ಮೊಹರು, ಅಷ್ಟೆ.

ವಕೀಲ ನಕ್ಕ. “ಅತ್ತಿ, ಆ ಖುರ್ಚಿ ಸಲುವಾಗಿ ಮಂದಿ ಕೋರ್ಟಿನ ಮೆಟ್ಟಲು ಹತ್ತತಾರ. ಇವನಿಗೆ ಅರ್ಹತಾ ಇಲ್ಲ, ಇವಳು ನರ್ಸೇ ಅಲ್ಲ ಅಂತ.”

“ನರ್ಸೇ ಅಲ್ಲದವರು ನರ್ಸ್ ಕೌನ್ಸಿಲಿನ್ಯಾಗ ಹ್ಯಾಂಗ ಕೂಡತಾರೋ?” ಎಂದೆ.

ಆ ಪ್ರಶ್ನೆಗೆ ಉತ್ತರವೆಂದು ಅವನು ಕೈ ತೊಳೆದುಕೊಂಡು ಬಂದು ಮೊಬೈಲಿನಲ್ಲಿ 1947ರ ಭಾರತೀಯ ನರ್ಸಿಂಗ್ ಪರಿಷತ್ತಿನ ಕಾಯಿದೆ ತೆಗೆದು ಓದತೊಡಗಿದ. ಕಾಯಿದೆ ಓದಿಸಿಕೊಂಡು ಕೇಳುವುದೆಂದರೆ ನನಗೆ ನಿದ್ದೆಯ ಗುಳಿಗೆ ನುಂಗಿದ ಹಾಗೆ. ಆದರೆ ಇದು ಹಾಗಾಗಲಿಲ್ಲ. ನೀವೂ ಸ್ವಲ್ಪ ಕೇಳಿ.

ಪ್ರತಿಯೊಂದು ರಾಜ್ಯದ ಪರಿಷತ್ತು ತನ್ನ ರಾಜ್ಯದ ರಿಜಿಸ್ಟರಿನಲ್ಲಿ ಹೆಸರಿರುವ ಒಬ್ಬ ನರ್ಸನ್ನು ಆರಿಸಿ ದಿಲ್ಲಿಗೆ ಕಳಿಸಬೇಕು ಎಂದು ಅದರಲ್ಲಿತ್ತು. ಸರಿಯೇ. ಆದರೆ ಅದೇ ಕಲಮಿನ ಕೆಳಗೆ ಪ್ರತಿಯೊಂದು ರಾಜ್ಯದ ಅತಿ ಹಿರಿಯ ವೈದ್ಯಾಡಳಿತಾಧಿಕಾರಿಯೂ ಸದಸ್ಯ. ಅವರಿಗೆ ಚುನಾವಣೆ ಬೇಡ, ಹುದ್ದೆಯೇ ಸಾಕು. ಅಂದರೆ ರಾಜ್ಯಕ್ಕೊಬ್ಬ ನರ್ಸ್, ಅವಳ ಪಕ್ಕಕ್ಕೇ ಒಬ್ಬ ಡಾಕ್ಟರ್ ಸಾಹೇಬ. ಇದರ ಮೇಲೆ ಆಗಿನ ಭಾರತೀಯ ವೈದ್ಯಕೀಯ ಪರಿಷತ್ತು ಆರಿಸಿದ ಒಬ್ಬರು, ಡಾಕ್ಟರರ ಸಂಘವಾದ ಐ.ಎಂ.ಎ. ಆರಿಸಿದ ಒಬ್ಬರು, ಸಂಸತ್ತಿನಿಂದ ಮೂವರು. ತರಬೇತಿ ಸಂಸ್ಥೆಗಳ ಮುಖ್ಯಸ್ಥರು ತಮ್ಮೊಳಗೆ ಆರಿಸಿಕೊಂಡ ಇಬ್ಬರು. ನರ್ಸುಗಳದೇ ಸಂಘವಾದ ಟಿ.ಎನ್.ಎ.ಐ.ಗೆ ಒಂದು ಜಾಗ. ಅದು 1908ರಿಂದ ಇರುವ ಸಂಘ. ಕೇಂದ್ರ ಸರ್ಕಾರ ನೇಮಿಸುವ ನಾಲ್ವರಲ್ಲಿ ಕನಿಷ್ಠ ಇಬ್ಬರು ನರ್ಸ್, ಸೂಲಗಿತ್ತಿ ಇಲ್ಲವೆ ಹೆಲ್ತ್ ವಿಸಿಟರ್ ಆಗಿರಬೇಕು. ಕನಿಷ್ಠ ಇಬ್ಬರು!

“ಡಾಕ್ಟರರ ಕೌನ್ಸಿಲಿನ್ಯಾಗ ನರ್ಸಿಗಿ ಎಷ್ಟು ಖುರ್ಚಿ ಇಟ್ಟಿದ್ರಪಾ?”

“ಒಂದೂ ಇಲ್ಲ ಅತ್ತಿ.”

ನಾನು ಅಂಬಲಿ ಬಡಿಸಿದೆ. ಹೊಸದೇನೂ ಅಲ್ಲ. ಅಡುಗೆಯ ಮನೆ ಹೇಗಿರಬೇಕೆಂದು ಹೇಳುವುದಕ್ಕೆ ಪಡಸಾಲೆಯಿಂದ ಬರುವವರು ಎಲ್ಲ ಮನೆಗಳಲ್ಲೂ ಇದ್ದಾರೆ.

“ನಮ್ಮಂಥವರದೇನು ಅದರಾಗ? ಎ.ಎನ್.ಎಂ.ಗಳದು?”

ಇದನ್ನು ಹುಡುಕಲು ಅವನಿಗೆ ತುಸು ಹೊತ್ತು ಹಿಡಿಯಿತು. ಸಿಕ್ಕಿತು. ಸೂಲಗಿತ್ತಿ ಅಥವಾ ಸಹಾಯಕ ನರ್ಸ್-ಸೂಲಗಿತ್ತಿಯರ ಪ್ರತಿನಿಧಿ ಎಲ್ಲ ರಾಜ್ಯಗಳಿಂದಲೂ ಒಮ್ಮೆಲೆ ಹೋಗುವಂತಿಲ್ಲ. ರಾಜ್ಯಗಳನ್ನು ನಾಲ್ಕು ಗುಂಪು ಮಾಡಿದ್ದರು; ಒಂದೊಂದು ಗುಂಪಿಗೆ ಸರದಿ. ನಮ್ಮ ಕರ್ನಾಟಕ ಮೂರನೆಯ ಗುಂಪಿನಲ್ಲಿ, ಪಂಜಾಬ್ ಮತ್ತು ಪಶ್ಚಿಮ ಬಂಗಾಳದ ಜೊತೆ. ಸದಸ್ಯರ ಅವಧಿ ಐದು ವರ್ಷ. ಒಂದು ಸರದಿ ತಪ್ಪಿದರೆ ಮತ್ತೆ ನಮ್ಮ ಪಾಳಿ ಬರುವ ಹೊತ್ತಿಗೆ ಎಷ್ಟು ವರ್ಷ ಎಂದು ನೀವೇ ಲೆಕ್ಕ ಹಾಕಿ. ನನ್ನ ಮೂವತ್ತೇಳು ವರ್ಷದ ಸೇವೆಯಲ್ಲಿ ಕರ್ನಾಟಕದ ಪಾಳಿ ಒಂದೆರಡು ಸಲ ಬಂದು ಹೋಗಿರಬೇಕು. ಉಪಕೇಂದ್ರದಲ್ಲಿ ಬಿ.ಪಿ. ಅಳೆಯುತ್ತ ಕೂತ ನನಗೆ ಅದರ ಸುಳಿವೂ ಸಿಕ್ಕಲಿಲ್ಲ.

ಇನ್ನೊಂದು ಕಲಮು ಅವನಿಗೆ ಬಹಳ ರುಚಿಸಿತು, ವಕೀಲರಿಗೆ ರುಚಿಸುವಂಥದ್ದೇ. ಸದಸ್ಯರು ಐದು ವರ್ಷ ಇಲ್ಲವೆ ಅವರ ಜಾಗಕ್ಕೆ ಇನ್ನೊಬ್ಬರು ಆಯ್ಕೆಯಾಗಿ ಬರುವ ತನಕ, ಇವೆರಡರಲ್ಲಿ ಯಾವುದು ಹೆಚ್ಚೋ ಅಲ್ಲಿಯವರೆಗೆ ಕೂಡಬಹುದು. ಹೆಚ್ಚೋ, ಕಡಿಮೆಯೋ ಅಲ್ಲ! ಅಂದರೆ ಚುನಾವಣೆ ನಡೆಯದೇ ಹೋದರೆ ಕೂತವರು ಕೂತೇ ಇರಬಹುದು. ಬರೆದವರ ಉದ್ದೇಶ ಒಳ್ಳೆಯದೇ ಇದ್ದೀತು, ಖುರ್ಚಿ ಖಾಲಿ ಬೀಳಬಾರದು ಎಂದು. ಆದರೆ ಬಾಡಿಗೆಗೆ ಬಂದವರಿಗೆ “ಇನ್ನೊಬ್ಬ ಬಾಡಿಗೆಯವನು ಸಿಗೂ ತನಕ ಇರ್ರಿ” ಅಂದು ನೋಡಿ, ಆ ಇನ್ನೊಬ್ಬ ಸಿಗುತ್ತಾನೆಯೇ?

ಜಗಳ ಹುಟ್ಟುವುದು ಇಂಥ ಕಡೆಗಳಲ್ಲಿಯೇ. ನರ್ಸ್ ಅಂದರೆ ಯಾರು? ರಿಜಿಸ್ಟರಿನಲ್ಲಿ ಹೆಸರಿದ್ದರೆ ಸಾಕೋ, ರೋಗಿಯ ಪಕ್ಕದಲ್ಲಿ ನಿಂತಿರಬೇಕೋ? ಒಂದು ರಾಜ್ಯದಲ್ಲಿ ನೋಂದಣಿ, ಇನ್ನೊಂದರಲ್ಲಿ ಕೆಲಸ, ಅಂಥವಳು ಯಾವ ರಾಜ್ಯದ ಪ್ರತಿನಿಧಿ? ಸಂಸ್ಥೆಯ ಮುಖ್ಯಸ್ಥ ಎಂಬ ಹೆಸರಿನಲ್ಲಿ ಬಂದವನ ಸಂಸ್ಥೆಯೇ ಮಾನ್ಯವಲ್ಲದೆ ಹೋದರೆ? ಈ ಕೊನೆಯ ಮಾತು ಹುಡುಗಾಟದ್ದಲ್ಲ. ನಮ್ಮ ರಾಜ್ಯದಲ್ಲಿ ನರ್ಸಿಂಗ್ ಕಾಲೇಜುಗಳು ಎಷ್ಟು ಹೆಚ್ಚಿದವು, ಕೇರಳದ ಹುಡುಗಿಯರು ಎಷ್ಟು ಮಂದಿ ಇಲ್ಲಿಗೆ ಓದಲು ಬಂದರು ಎಂಬುದನ್ನು ನೀವೂ ನೋಡಿದ್ದೀರಿ. 2016ರ ಕೊನೆಯಲ್ಲಿ ನಮ್ಮ ಸರ್ಕಾರ, ಇಲ್ಲಿನ ನರ್ಸಿಂಗ್ ಕಾಲೇಜುಗಳಿಗೆ ದಿಲ್ಲಿಯ ಪರಿಷತ್ತಿನ ಮಾನ್ಯತೆ ಬೇಕಾಗಿಲ್ಲ, ರಾಜ್ಯದ ಪರಿಷತ್ತು ಮತ್ತು ರಾಜೀವ್ ಗಾಂಧಿ ಆರೋಗ್ಯ ವಿಶ್ವವಿದ್ಯಾಲಯದ ಮಾನ್ಯತೆ ಸಾಕು ಎಂದಿತು. ದಿಲ್ಲಿಯವರು ತಮ್ಮ ಪಟ್ಟಿಯಿಂದ ಕರ್ನಾಟಕದ ಕಾಲೇಜುಗಳನ್ನು ತೆಗೆದರು. 2017ರಲ್ಲಿ ಕರ್ನಾಟಕ ಹೈಕೋರ್ಟು, 1947ರ ಕಾಯಿದೆ ದಿಲ್ಲಿಯ ಪರಿಷತ್ತಿಗೆ ಕೊಟ್ಟದ್ದು ಕಲಿಕೆಯ ಅರ್ಹತೆಯನ್ನು ಮಾನ್ಯ ಮಾಡುವ ಅಧಿಕಾರವನ್ನು, ಕಾಲೇಜುಗಳನ್ನು ಮಾನ್ಯ ಮಾಡುವ ಅಧಿಕಾರವನ್ನಲ್ಲ ಎಂಬ ತೀರ್ಪು ಕೊಟ್ಟಿತು.

“ನಾನು ಆಗ ಓದಲತ್ತಿದ್ದೆ ಅತ್ತಿ,” ಎಂದಳು ಹುಡುಗಿ. “ಹಾಸ್ಟೆಲಿನ್ಯಾಗ ಯಾರೂ ಮಲಗಲಿಲ್ಲ. ಹೊರರಾಜ್ಯದಾಗ ನಮಗ ಕೆಲಸ ಕೊಡ್ತಾರೋ ಇಲ್ಲೋ ಅಂತ ಒಬ್ಬರಿಗೂ ಗೊತ್ತಿರಲಿಲ್ಲ. ಕೇರಳದಿಂದ ಬಂದಾಕಿ ಒಬ್ಬಾಕಿ ಅಳತಿದ್ಲು, ಮನ್ಯಾಗ ಸಾಲ ಮಾಡಿ ಕಳಿಸ್ಯಾರಂತ.”

ಆಗ ನನಗೆ ಆ ಖುರ್ಚಿಯ ಬೆಲೆ ಸ್ವಲ್ಪ ತಿಳಿಯಿತು. ಅಲ್ಲಿ ಕೂತವರ ಒಂದು ಸಹಿ ಒಬ್ಬ ಹುಡುಗಿಯ ನಾಲ್ಕು ವರ್ಷವನ್ನು ಉಳಿಸುತ್ತದೆ ಇಲ್ಲವೆ ಅಳಿಸುತ್ತದೆ.

ಖುರ್ಚಿಯ ಮೇಲೆ ಅನರ್ಹರು ಕೂತಿದ್ದಾರೆ ಎನಿಸಿದರೆ ಏನು ಮಾಡಬೇಕು ಎಂದು ಕೇಳಿದ್ದಕ್ಕೆ ವಕೀಲ ಒಂದು ರಿಟ್ಟಿನ ಹೆಸರು ಹೇಳಿದ: ಕೋ ವಾರಂಟೊ. ‘ಯಾವ ಅಧಿಕಾರದಿಂದ?’ ಎಂದು ಅದರ ಅರ್ಥವಂತೆ. ಇದನ್ನು ಕೇಳುವುದಕ್ಕೆ ನಿಮಗೇ ಅನ್ಯಾಯವಾಗಿರಬೇಕು ಎಂದಿಲ್ಲ; ಸಾಮಾನ್ಯ ನಾಗರಿಕರೊಬ್ಬರು ಕೋರ್ಟಿಗೆ ಹೋಗಿ, ಈ ಸಾರ್ವಜನಿಕ ಹುದ್ದೆಯಲ್ಲಿ ನೀನು ಯಾವ ಅಧಿಕಾರದಿಂದ ಕೂತಿದ್ದೀ ತೋರಿಸು ಎಂದು ಕೇಳಿಸಬಹುದು. ಈ ವಿಷಯದಲ್ಲಿ ಇಡೀ ದೇಶದ ವಕೀಲರು ಈಗಲೂ ಎತ್ತಿ ಹೇಳುವ ತೀರ್ಪು ನಮ್ಮ ನಾಡಿನದೇ. ಮೈಸೂರು ವಿಶ್ವವಿದ್ಯಾಲಯ ಬೆಂಗಳೂರಿನ ಸೆಂಟ್ರಲ್ ಕಾಲೇಜಿಗೆ ಅಣ್ಣಯ್ಯಗೌಡರನ್ನು ಇಂಗ್ಲಿಷ್ ರೀಡರ್ ಎಂದು ನೇಮಿಸಿತು. ಅವರಿಗೆ ಬೇಕಾದ ಪದವಿ ಇಲ್ಲ ಎಂದು ಸಿ.ಡಿ. ಗೋವಿಂದರಾವ್ ಎಂಬವರು ಹೈಕೋರ್ಟಿಗೆ ಹೋದರು. ಗೌಡರು ಇಂಗ್ಲೆಂಡಿನ ಡರ್ಹಮ್ಮಿನಲ್ಲಿ ಎಂ.ಎ. ಮಾಡಿದವರು, ಅದನ್ನು ಇಲ್ಲಿನ ಪದವಿಗೆ ಸರಿಗಟ್ಟಬೇಕೋ ಬೇಡವೋ ಎಂಬುದು ಜಗಳದ ಒಂದು ತಿರುಳು. ಹೈಕೋರ್ಟಿನಲ್ಲಿ ಗೌಡರು ಸೋತರು. 1963ರಲ್ಲಿ ಸುಪ್ರೀಂ ಕೋರ್ಟು ಅದನ್ನು ತಿರುಗಿಸಿತು: ಕಾನೂನು ಮುರಿದಿದ್ದರೆ ಕೋರ್ಟು ನೋಡುತ್ತದೆ, ಆದರೆ ಒಂದು ಪದವಿ ಇನ್ನೊಂದಕ್ಕೆ ಸಮವೇ ಎಂಬುದನ್ನು ತಿಳಿದವರು ತೂಗಿ ನೋಡಿದ ಮೇಲೆ ಕೋರ್ಟು ಸುಲಭಕ್ಕೆ ಕೈಹಾಕಬಾರದು.

“ಅಂದ್ರ ಕೋರ್ಟು ಕೇಳೂದು ಕಾಗದ ಅದ ಏನು ಅಂತ. ಈಕಿ ಛೊಲೋ ನರ್ಸ್ ಹೌದೋ ಅಲ್ಲೋ ಅಂತ ಕೇಳೂದಿಲ್ಲ.”

“ಅದನ್ನ ಕೋರ್ಟು ಹ್ಯಾಂಗ ಕೇಳಬೇಕು ಅತ್ತಿ?”

ಹುಡುಗಿಗೆ ಆಗ ಮೊದಲನೆಯ ವರ್ಷದಲ್ಲಿ ಓದಿದ ಪಾಠ ನೆನಪಾಯಿತು. ವಿಲಾಯತಿಯಲ್ಲಿ ನರ್ಸುಗಳಿಗೆ ಸರ್ಕಾರಿ ರಿಜಿಸ್ಟರ್ ಬೇಕೆಂದು 1887ರಿಂದ ಹೋರಾಡಿದವರು ಎಥೆಲ್ ಬೆಡ್‌ಫರ್ಡ್ ಫೆನ್ವಿಕ್. ಅದನ್ನು ವಿರೋಧಿಸಿದವರು ಬೇರೆ ಯಾರೂ ಅಲ್ಲ, ಫ್ಲಾರೆನ್ಸ್ ನೈಟಿಂಗೇಲ್! ಪರೀಕ್ಷೆ ಬರೆದ ಮಾತ್ರಕ್ಕೆ ಒಳ್ಳೆಯ ನರ್ಸ್ ಎಂದು ಹೇಳಲಾಗದು, ನಡತೆಯನ್ನು ರಿಜಿಸ್ಟರಿನಲ್ಲಿ ಬರೆಯುವುದು ಹೇಗೆ ಎಂಬುದು ಆಕೆಯ ವಾದ. 1919ರಲ್ಲಿ ಕಾಯಿದೆ ಬಂತು, ರಿಜಿಸ್ಟರಿನ ಮೊದಲನೆಯ ಹೆಸರು ಫೆನ್ವಿಕ್ಕರದೇ ಆಯಿತು. ನರ್ಸುಗಳೇ ಮತ ಹಾಕಿದ ಮೊದಲನೆಯ ಚುನಾವಣೆ ಬಂದಾಗ ಅದೇ ಫೆನ್ವಿಕ್ ಸೋತು ಖುರ್ಚಿ ಕಳೆದುಕೊಂಡರು.

ಮಕ್ಕಳು ನಕ್ಕರು. ನಾನು ನಗಲಿಲ್ಲ. ನೈಟಿಂಗೇಲಳ ಮಾತು ಬಂದಾಗಿನಿಂದ ನನ್ನ ಮನಸ್ಸು ಬೇರೆ ಕಡೆ ಇತ್ತು. ಇಲ್ಲಿಯ ತನಕ ಯಾರಿಗೂ ಹೇಳದ ಮಾತು ಅದು. ನನ್ನ ಗಂಡನಿಗೂ ಹೇಳಿರಲಿಲ್ಲ.

ನಾನು ಕೆಲಸಕ್ಕೆ ಸೇರಿದಾಗ ಈ ಭಾಗದಲ್ಲಿ ಒಬ್ಬ ಹಿರಿಯ ನರ್ಸಬಾಯಿ ಇದ್ದರು. ಹೆಸರು ಬೇಡ. ನಾವೆಲ್ಲ ದೊಡ್ಡಬಾಯಿ ಅನ್ನುತ್ತಿದ್ದೆವು. ನಿಜಾಮರ ಕಾಲದಲ್ಲಿ, ಬೀದರ್ ಇನ್ನೂ ಹೈದರಾಬಾದ್ ಸಂಸ್ಥಾನದಲ್ಲಿದ್ದಾಗ, ಹೈದರಾಬಾದಿನಲ್ಲಿ ಕಲಿತು ಬಂದವರು. ಹದಿನೆಂಟು ತಿಂಗಳ ತರಬೇತಿ ಮುಗಿಸಿ, ಬಿಳಿ ಸೀರೆಯ ನೆರಿಗೆ ಸರಿಮಾಡಿಕೊಳ್ಳುವುದರಲ್ಲೇ ಅರ್ಧ ದಿನ ಕಳೆಯುತ್ತಿದ್ದ ನನಗೆ, ಗರ್ಭಿಣಿಯ ಹೊಟ್ಟೆಯ ಮೇಲೆ ತುತ್ತೂರಿಯಂಥ ಫೀಟೋಸ್ಕೋಪ್ ಇಟ್ಟು ಕೂಸಿನ ಎದೆಬಡಿತ ಕೇಳುವುದನ್ನು ಕಲಿಸಿದವರು ಅವರು. ತರಬೇತಿಯಲ್ಲಿ ಹೇಳಿಕೊಟ್ಟಿರಲಿಲ್ಲವೆಂದಲ್ಲ; ಕಿವಿಗೆ ಬಿದ್ದಿರಲಿಲ್ಲ, ಅಷ್ಟೆ. “ನಿನ್ನ ಉಸಿರು ನಿಲ್ಲಿಸು ಬೇಟಿ, ಅವನದು ಕೇಳಸ್ತದ,” ಅನ್ನುತ್ತಿದ್ದರು. 1982ರಲ್ಲಿ ನನ್ನ ಚೊಚ್ಚಲು ಹೆರಿಗೆ ಮಾಡಿಸಿದವರೂ ಅವರೇ. ಮಳೆ ಹೊಡೆಯುತ್ತಿದ್ದ ರಾತ್ರಿ, ಕರೆಂಟಿಲ್ಲ, ಕಂದೀಲು. ಕೂಸು ಅಳಲಿಲ್ಲ. ನನಗೆ ಎಲ್ಲ ಗೊತ್ತಿತ್ತು, ಅದಕ್ಕೇ ಭಯ ಹೆಚ್ಚು. ಅವರು ಒಂದು ಮಾತೂ ಆಡದೆ ಬಾಯಿ ಒರೆಸಿ, ಬೆನ್ನು ತಿಕ್ಕಿ, ಪಾದಕ್ಕೆ ಬೆರಳಿನಿಂದ ಹೊಡೆದು, ಆಮೇಲೆ ತಮ್ಮ ಬಾಯಿಂದಲೇ ಉಸಿರು ಊದಿದರು. ಎಷ್ಟು ಹೊತ್ತು ಎಂದು ಹೇಳಲಾರೆ. ಮಗಳು ಅತ್ತಳು.

1984ರಲ್ಲಿ ನೌಕರರ ಒಂದು ಸಂಘದಲ್ಲಿ ಮಹಿಳಾ ಪ್ರತಿನಿಧಿಯ ಜಾಗ ಬಂತು. ತರಬೇತಿ ಪಡೆದು ನೋಂದಣಿಯಾದ ನರ್ಸ್ ಆಗಿರಬೇಕು ಎಂದು ನಿಯಮ. ದೊಡ್ಡಬಾಯಿ ನಿಂತರು. ನಿವೃತ್ತಿಗೆ ಇನ್ನು ವರ್ಷವಿತ್ತು. ಹಳ್ಳಿಯ ನರ್ಸುಗಳಿಗೆ ಮನೆ ಕೊಡಿಸಬೇಕು, ರಾತ್ರಿ ಕರೆ ಬಂದರೆ ಜೊತೆಗೆ ಒಬ್ಬರನ್ನು ಕಳಿಸಬೇಕು ಎಂಬುದು ಅವರ ಬೇಡಿಕೆ. ನಾವು ಕಿರಿಯರು ನಮ್ಮ ವಯಸ್ಸಿನ ಒಬ್ಬಳನ್ನು ನಿಲ್ಲಿಸಿದ್ದೆವು. ಯಾಕೆ ಎಂದು ಈಗ ಕೇಳಿದರೆ ಉತ್ತರವಿಲ್ಲ. ಹಳಬರು ಸಾಕು ಅನಿಸಿತ್ತು, ಅಷ್ಟೇ.

ದೊಡ್ಡಬಾಯಿಯ ಅರ್ಹತೆಯ ಮೇಲೆ ತಕರಾರು ಹಾಕಬಹುದು ಎಂದು ಯಾರೋ ಹೇಳಿದರು. ಯಾರೋ ಬಾಯಿಂದ ಹೇಳುತ್ತ ಹೋದರು, ಬರೆದವಳು ನಾನು. ನನ್ನ ಅಕ್ಷರ ದುಂಡಗೆ, ಅದಕ್ಕೆ. ಮೂರು ಕಾರಣ. ಒಂದು, ಸರ್ಟಿಫಿಕೇಟು ಉರ್ದುವಿನಲ್ಲಿದೆ, ಏನೆಂದು ಓದಲಾಗುವುದಿಲ್ಲ. ಎರಡು, ನಮ್ಮ ರಾಜ್ಯದಲ್ಲಿ ನೋಂದಣಿಯಾದ ಬಗ್ಗೆ ಆಧಾರ ಕಂಡಿಲ್ಲ. ಮೂರು, ಸರ್ಟಿಫಿಕೇಟಿನಲ್ಲಿರುವ ಹೆಸರು ಮತ್ತು ಸೇವೆಯಲ್ಲಿರುವ ಹೆಸರು ಒಂದೇ ಅಲ್ಲ. ಆದ್ದರಿಂದ ಇವರೇ ಅವರು ಎಂದು ನಂಬಲು ಬರುವುದಿಲ್ಲ. ಕೆಳಗೆ ಮೊದಲನೆಯ ಸಹಿಯೂ ನನ್ನದೇ.

ಎರಡು ದಿನಕ್ಕೆ ದೊಡ್ಡಬಾಯಿ ನಮ್ಮ ಉಪಕೇಂದ್ರಕ್ಕೆ ಬಂದರು. ಬೈಯುತ್ತಾರೆ ಎಂದುಕೊಂಡೆ. ಒಂದು ತಗಡಿನ ಡಬ್ಬಿ ತೆರೆದು ಕಾಗದ ತೆಗೆದರು. ಉರ್ದು ಸರ್ಟಿಫಿಕೇಟು, ಅದಕ್ಕೆ ಪಿನ್ನು ಹಚ್ಚಿದ ಇಂಗ್ಲಿಷ್ ಪ್ರತಿ, ನೋಂದಣಿಯ ಕಾಗದ. ರಾಜ್ಯಗಳು ಒಂದಾದ ಮೇಲೆ ಮೈಸೂರು ರಾಜ್ಯ 1961ರಲ್ಲಿ ನರ್ಸು, ಸೂಲಗಿತ್ತಿ, ಹೆಲ್ತ್ ವಿಸಿಟರುಗಳಿಗೆಲ್ಲ ಸೇರಿ ಒಂದು ಕಾಯಿದೆ ಮಾಡಿತಲ್ಲ, ಆಮೇಲೆ ಮಾಡಿಸಿಕೊಂಡದ್ದು. ಎಲ್ಲ ಇತ್ತು. ಹೆಸರು ಮಾತ್ರ ಬೇರೆ.

“ಕಾಗದ ಕೇಳಿದ್ದು ತಪ್ಪಲ್ಲ ಬೇಟಿ,” ಎಂದರು. “ಕೇಳಬೇಕು. ಕಾಗದಿಲ್ಲದೆ ಸೂಜಿ ಹಿಡಿಯೋರು ಎಷ್ಟು ಮಂದಿ ಇಲ್ಲ? ಆದ್ರ ನನ್ನ ಮುಂದ ಬಂದು ಕೇಳಬೇಕಿತ್ತು. ನಾನು ತೋರಸ್ತಿದ್ದೆ.”

“ಹೆಸರಿಂದು ಅಫಿಡವಿಟ್ ಮಾಡಿಸಿ ಕೊಟ್ರ ಆಯ್ತಲ್ರಿ,” ಎಂದೆ ನಾನು. ನಾಲಿಗೆ ಒಣಗಿತ್ತು.

“ಮಾಡಿಸಬೇಕಂದ್ರ ಮಂದಿ ಮುಂದ ಹೇಳಬೇಕು, ಅಪ್ಪನ ಹೆಸರು ಯಾವುದು, ಗಂಡನ ಹೆಸರು ಯಾವುದು, ಗಂಡ ಎಲ್ಲಿ ಹೋದ, ಅವನ ಹೆಸರು ಇನ್ನೂ ಯಾಕ ಇಟಗೊಂಡಿ ಅಂತ. ಆ ಖುರ್ಚಿ ಸಲುವಾಗಿ ನಾ ಅದೆಲ್ಲ ಹೇಳಂಗಿಲ್ಲ.”

ಗಂಡ ಬಿಟ್ಟುಹೋಗಿ ಮೂವತ್ತು ವರ್ಷವಾಗಿತ್ತಂತೆ. ನಮಗೆ ಯಾರಿಗೂ ತಿಳಿದಿರಲಿಲ್ಲ. ಮರುದಿನ ಅವರು ತಮ್ಮ ಹೆಸರು ಹಿಂದಕ್ಕೆ ತೆಗೆದುಕೊಂಡರು. ನಮ್ಮವಳು ಆರಿಸಿ ಬಂದಳು. ರಾತ್ರಿ ಕರೆಗೆ ಜೊತೆ ಕಳಿಸುವ ಮಾತು ಆಮೇಲೆ ಯಾರೂ ಎತ್ತಲಿಲ್ಲ; ನಾನೂ ಎತ್ತಲಿಲ್ಲ. ಕಂದೀಲು ಹಿಡಿದು ಒಬ್ಬಳೇ ಹೋದ ರಾತ್ರಿಗಳಲ್ಲಿ ಅದು ನೆನಪಾಗುತ್ತಿತ್ತು.

ಇದನ್ನೆಲ್ಲ ಹೊಲದಲ್ಲಿ ಮಕ್ಕಳ ಮುಂದೆ ಹೇಳಿದೆ. ಹುಡುಗಿ ನೆಲ ನೋಡುತ್ತ ಕೂತಳು. ವಕೀಲ ಸ್ವಲ್ಪ ಹೊತ್ತು ಬಿಟ್ಟು, “ಸಂಘದ ಖುರ್ಚಿ ಸಾರ್ವಜನಿಕ ಹುದ್ದೆ ಅಲ್ಲ ಅತ್ತಿ. ಕೋ ವಾರಂಟೊ ಅದಕ್ಕ ಬರೂದಿಲ್ಲ,” ಎಂದ. ಸಮಾಧಾನ ಹೇಳುವ ವಕೀಲರ ರೀತಿ ಅದು. ಮತ್ತೆ ಹೇಳಿದ: “ಹೆಸರು ಬದಲಾದ್ರ ಅರ್ಹತಾ ಹೋಗೂದಿಲ್ಲ. ಇಬ್ಬರೂ ಒಬ್ಬಾಕಿನೇ ಅಂತ ತೋರಿಸಿದ್ರ ಸಾಕು.”

ಸಂಜೆ ಮನೆಗೆ ಬಂದು ಟ್ರಂಕು ತೆಗೆದೆ. ನನ್ನ ರಿಜಿಸ್ಟ್ರೇಷನ್ ನಂಬರ್ ನೋಡಬೇಕೆಂದು ಹುಡುಗಿಯ ಹಟ. ನುಸಿಗುಳಿಗೆಯ ವಾಸನೆಯ ನಡುವೆ ಸರ್ಟಿಫಿಕೇಟು ಸಿಕ್ಕಿತು. ಹುಡುಗಿ ಗಟ್ಟಿಯಾಗಿ ಓದಿದಳು, ಓದಿ ನಿಲ್ಲಿಸಿದಳು.

“ಅತ್ತಿ, ಈ ಹೆಸರು ಯಾರದು?”

ನನ್ನದೇ. 1979ರ ಸರ್ಟಿಫಿಕೇಟು. 1980ರಲ್ಲಿ ಮದುವೆಯಾದಾಗ ತಟ್ಟೆಯಲ್ಲಿ ಅಕ್ಕಿ ಹರವಿ, ಉಂಗುರದಿಂದ ನನಗೆ ಹೊಸ ಹೆಸರು ಬರೆದರು. ನಮ್ಮ ಕಡೆ ಅನೇಕ ಮನೆತನಗಳಲ್ಲಿ ಹೀಗೇ. ಗಂಡನ ಮನೆಗೆ ಬಂದವಳು ಅಡ್ಡಹೆಸರನ್ನಷ್ಟೇ ಅಲ್ಲ, ತನ್ನ ಹೆಸರನ್ನೂ ಬಿಟ್ಟು ಬರಬೇಕು. ನನ್ನ ಸೇವಾ ಪುಸ್ತಕ, ಪಿಂಚಣಿ, ಬ್ಯಾಂಕು ಎಲ್ಲ ಆ ಅಕ್ಕಿಯ ಮೇಲಿನ ಹೆಸರಿನಲ್ಲಿವೆ. ನೋಂದಣಿಯಲ್ಲಿ ಬದಲಿಸಬೇಕೆಂದು ನನಗೆ ಹೊಳೆಯಲೇ ಇಲ್ಲ. ತಪ್ಪು ಇಲಾಖೆಯದಲ್ಲ, ನನ್ನದೇ. ಹೊಸ ಹೆಸರು ಬಂದು ನಾಲ್ಕು ವರ್ಷವಾದ ಮೇಲೆ, ಅದೇ ಹೆಸರಿನಲ್ಲಿ ಸಹಿ ಮಾಡಿ, ನಾನು ದೊಡ್ಡಬಾಯಿಯ ಮೇಲೆ ಮೂರನೆಯ ಕಾರಣ ಬರೆದಿದ್ದೆ. ಅದು ನನಗೂ ಸರಿಯಾಗಿ ಹೊಂದುತ್ತಿತ್ತು. ಆವತ್ತು ಕಾಣಲಿಲ್ಲ.

ರಾತ್ರಿ ನಿದ್ದೆ ಬರಲಿಲ್ಲ. ಹುಡುಗಿಗೂ ಬರಲಿಲ್ಲ. 1947ರ ಕಾಯಿದೆಯ ಬದಲಿಗೆ ಸಂಸತ್ತು 2023ರಲ್ಲಿ ಮಾಡಿದ ಹೊಸ ಕಾಯಿದೆಯ ಮಾತು ತೆಗೆದಳು. ರಾಷ್ಟ್ರೀಯ ನರ್ಸಿಂಗ್ ಮತ್ತು ಸೂಲಗಿತ್ತಿ ಆಯೋಗ, ಇಪ್ಪತ್ತೊಂಬತ್ತು ಸದಸ್ಯರು. ರಾಜ್ಯಗಳಲ್ಲಿಯೂ ಆಯೋಗಗಳು. ಅಧ್ಯಕ್ಷರಾಗುವವರು ನರ್ಸಿಂಗ್‌ನಲ್ಲಿ ಸ್ನಾತಕೋತ್ತರ ಪದವಿ ಪಡೆದಿರಬೇಕು, ಇಪ್ಪತ್ತು ವರ್ಷದ ಅನುಭವ ಇರಬೇಕು, ಅದರಲ್ಲಿ ಹತ್ತು ವರ್ಷ ಮುಂದಾಳಾಗಿ ದುಡಿದಿರಬೇಕು. ಅಂಥವರನ್ನು ಹುಡುಕಿ ಆರಿಸಲು ಒಂದು ಸಮಿತಿ.

“ಇದು ಛೊಲೋ ಆತಲ್ಲ,” ಎಂದೆ. ಮನಸಾರೆ ಅಂದದ್ದೇ. ನರ್ಸುಗಳ ಮೇಲ್ಗಡೆಯ ಖುರ್ಚಿಗೆ ನರ್ಸೇ ಬೇಕೆಂದು ಕಾನೂನೇ ಹೇಳುವುದು ಸಣ್ಣ ಮಾತಲ್ಲ. ಹಳೆಯ ಕಾಯಿದೆಯಲ್ಲಿ ಅಧ್ಯಕ್ಷರನ್ನು ಸದಸ್ಯರು ತಮ್ಮೊಳಗೆ ಆರಿಸಿಕೊಳ್ಳುತ್ತಿದ್ದರು. ಸದಸ್ಯರಲ್ಲಿ ಯಾರ್‍ಯಾರಿದ್ದರು ಎಂದು ಆಗಲೇ ಹೇಳಿದೆನಲ್ಲ.

“ಛೊಲೋನೇ ಅತ್ತಿ. ಆದ್ರ ದೊಡ್ಡಬಾಯಿ ಈಗ ಇದ್ದಿದ್ರ ಬಾಗಿಲ ತನಕನೂ ಬರೂದಾಗತಿರಲಿಲ್ಲ.”

ಪಾವಗಡದ ಕಡೆಯ ಸೂಲಗಿತ್ತಿ ನರಸಮ್ಮನವರ ಹೆಸರು ತೆಗೆದಳು. ಹದಿನೈದು ಸಾವಿರಕ್ಕೂ ಹೆಚ್ಚು ಹೆರಿಗೆ, ಒಂದು ಪೈಸೆಯೂ ಮುಟ್ಟದೆ. 2018ರಲ್ಲಿ ರಾಷ್ಟ್ರಪತಿ ಭವನದಲ್ಲಿ ಪದ್ಮಶ್ರೀ ಕೊಟ್ಟರು, ಅದೇ ವರ್ಷದ ಕೊನೆಗೆ ತೀರಿಕೊಂಡರು. ರಾಷ್ಟ್ರಪತಿ ಭವನದಲ್ಲಿ ಅವರಿಗೆ ಜಾಗ ಸಿಕ್ಕಿತು, ಪರಿಷತ್ತಿನ ಮತದಾರರ ಪಟ್ಟಿಯಲ್ಲಿ ಸಿಗುತ್ತಿರಲಿಲ್ಲ. ಸಿಗಬೇಕಿತ್ತೇ? ನಾನು ಕಾಗದದ ಪರವೇ. ತುಕ್ಕು ಹಿಡಿದ ಬ್ಲೇಡಿನಿಂದ ಹೊಕ್ಕಳಬಳ್ಳಿ ಕತ್ತರಿಸಿದ ಕೂಸುಗಳು ಧನುರ್ವಾತದಿಂದ ಸೆಟೆದು ಹೋದದ್ದನ್ನು ಈ ಕಣ್ಣಿನಿಂದ ನೋಡಿದವಳು. ರಿಜಿಸ್ಟರ್ ಬೇಡ ಎಂದು ಹೇಗೆ ಅನ್ನಲಿ? ಹಾಗೆಂದು ದೊಡ್ಡಬಾಯಿಯ ತಗಡಿನ ಡಬ್ಬಿಯನ್ನು ಮರೆಯಲೂ ಆಗುವುದಿಲ್ಲ. ಕಾಗದವಿದ್ದೂ ಅವರು ಹಿಂದೆ ಸರಿದರಲ್ಲ.

“ನಿನ್ನ ಕಾಗದದಾಗ ಹೆಸರು ಸರಿ ಅದ ಏನು?” ಎಂದು ಕೇಳಿದೆ.

“ಅದ ಅತ್ತಿ. ಮದುವಿ ಆದ್ರೂ ಬದಲಸೂದಿಲ್ಲ.”

ಅವಳ ಅವ್ವ ಪಕ್ಕದ ಕೋಣೆಯಿಂದ ಕೆಮ್ಮಿದಳು.

ಮುಂದಿನ ಸೋಮವಾರ ಬಸ್ಸು ಹತ್ತಿ ಕಲ್ಯಾಣಕ್ಕೆ ಹೋದೆ. ನೋಟರಿಯ ಮುಂದೆ ನಾಲ್ಕು ಮಂದಿ ರೈತರು, ಒಬ್ಬ ಕಾಲೇಜು ಹುಡುಗ. ನನ್ನ ಪಾಳಿ ಬಂದಾಗ ನೋಟರಿ ಕಾಗದಗಳನ್ನು ತಿರುವಿ ನೋಡಿ ಕನ್ನಡಕದ ಮೇಲಿಂದ ನನ್ನನ್ನು ನೋಡಿದರು.

“ರಿಟೈರ್ಡ್ ಆಗೀರಿ ಅಕ್ಕೋರೆ. ಇಷ್ಟು ವರ್ಷ ಇಲ್ಲದ್ದು ಈಗ್ಯಾಕ್ರಿ? ಎಲ್ಲ್ಯಾರ ಇಲೆಕ್ಷನ್ನಿಗಿ ನಿಲ್ಲಲತ್ತೀರಿ ಏನು?”

“ಇಲ್ರಿ. ಇರಲಿ ಅಂತ.”

“ಗಂಡನ ಹೆಸರು?”

ನನಗೆ ನಗು ಬಂತು. ಇದೇ ಕಲ್ಯಾಣಕ್ಕೆ ನಡೆದು ಬಂದ ಅಕ್ಕಮಹಾದೇವಿಯನ್ನು ಅನುಭವ ಮಂಟಪದಲ್ಲಿ ಅಲ್ಲಮ ಕೇಳಿದ್ದೂ ನಿನ್ನ ಗಂಡ ಯಾರೆಂದೇ ಎಂದು ಶೂನ್ಯಸಂಪಾದನೆಯಲ್ಲಿದೆ. ಅಕ್ಕನ ಉತ್ತರ ನನ್ನ ಬಾಯಿಗೆ ಬರುವಂಥದ್ದಲ್ಲ. ಗಂಡನ ಹೆಸರು ಹೇಳಿದೆ, ಅಪ್ಪನ ಹೆಸರು ಹೇಳಿದೆ, ಅಕ್ಕಿಯ ಮೇಲೆ ಬರೆದ ಹೆಸರನ್ನೂ ಅವ್ವ ತೊಟ್ಟಿಲಲ್ಲಿ ಕರೆದ ಹೆಸರನ್ನೂ ಹೇಳಿದೆ. ಟೈಪು ಮಾಡುವ ಹುಡುಗ ಟಕಟಕ ಬಡಿದ. ಮೇಲೆ ಹೇಳಿದ ಎರಡೂ ಹೆಸರುಗಳು ಒಬ್ಬಳೇ ವ್ಯಕ್ತಿಯವು, ಆ ವ್ಯಕ್ತಿ ನಾನೇ ಎಂದು ಕಾಗದದ ಮೇಲೆ ಬಂತು.

“ಇಲ್ಲಿ ಸಹಿ ಮಾಡ್ರಿ,” ಎಂದ ಹುಡುಗ.

“ಯಾವ ಹೆಸರಿಲೆ ಮಾಡ್ಲೆಪ್ಪಾ?” ಎಂದೆ.

ಹುಡುಗ ನೋಟರಿಯ ಮುಖ ನೋಡಿದ. ನೋಟರಿ ಸ್ವಲ್ಪ ಯೋಚಿಸಿ, “ಎರಡೂ ಮಾಡ್ರಿ,” ಎಂದರು.

ದುಂಡನೆಯ ಅಕ್ಷರದಲ್ಲಿ, ಒಂದರ ಕೆಳಗೊಂದು, ಎರಡೂ ಮಾಡಿದೆ. ನಾಲ್ಕು ಗಂಟೆಯ ಬಸ್ಸಿಗೆ ಮುಡಬಿಗೆ ಬಂದೆ.